ಮಣ್ಣಿನ ಋಣ, ಮಣ್ಣಿನ ಹಕ್ಕು

ಸತ್ತವರು ಎಲ್ಲಿ ಮಲಗಬೇಕು? ಈ ಒಂದು ಪ್ರಶ್ನೆಯನ್ನು ಹಿಡಿದು ಎರಡು ರಾಷ್ಟ್ರಗಳ ಹಳೆಯ ವೈಮನಸ್ಯವನ್ನು ಅಳೆದು ನೋಡಿದ ಕಾದಂಬರಿಕಾರ ಜರ್ಮನಿಯ ಗುಂಟರ್ ಗ್ರಾಸ್. 1992ರಲ್ಲಿ ಪ್ರಕಟವಾದ ಆ ಕಾದಂಬರಿಯ ಹೆಸರು ‘ಉಂಕೆನ್‌ರೂಫೆ’. ರಾಲ್ಫ್ ಮ್ಯಾನ್‌ಹೈಮ್ ಮಾಡಿದ ಇಂಗ್ಲಿಷ್ ಅನುವಾದದ ಹೆಸರು ‘ದಿ ಕಾಲ್ ಆಫ್ ದಿ ಟೋಡ್’. ಕಪ್ಪೆಯ ಕೂಗು ಎಂದರೆ ಜರ್ಮನ್ ನುಡಿಯಲ್ಲಿ ಅಪಶಕುನದ ಮಾತು. ಬಳ್ಳಾರಿ ಸೀಮೆಯ ನಮಗೆ ಈ ಹೆಸರೇ ಮೊದಲು ವಿಚಿತ್ರವಾಗಿ ತೋರುತ್ತದೆ. ಮಳೆ ಕೈಕೊಟ್ಟ ವರ್ಷ ಕಪ್ಪೆಗಳಿಗೆ ಮದುವೆ ಮಾಡಿಸುವ ಜನ ನಾವು. ಕಪ್ಪೆ ಕೂಗಿತೆಂದರೆ ನಮಗೆ ಹೊಟ್ಟೆ ತಣ್ಣಗಾದಂತೆ. ಗ್ರಾಸ್‌ನ ಕಪ್ಪೆಗಳಾದರೋ ಬೇರೆ ಸುದ್ದಿ ಹೇಳುತ್ತವೆ.

ಕಥೆ ನಡೆಯುವುದು ಬಾಲ್ಟಿಕ್ ಸಮುದ್ರತೀರದ ಒಂದು ರೇವುಪಟ್ಟಣದಲ್ಲಿ. ಜರ್ಮನರಿಗೆ ಅದು ಡಾನ್ಜಿಗ್; ಪೋಲೆಂಡಿನವರಿಗೆ ಗ್ದಾನ್ಸ್ಕ್. ಮೊದಲ ಮಹಾಯುದ್ಧವಾದ ಮೇಲೆ 1920ರಲ್ಲಿ ಅದನ್ನು ರಾಷ್ಟ್ರಸಂಘದ ರಕ್ಷಣೆಯಲ್ಲಿ ಸ್ವತಂತ್ರ ನಗರವನ್ನಾಗಿ ಮಾಡಿದ್ದರು. 1939ರ ಸೆಪ್ಟೆಂಬರ್ 1ರ ಬೆಳಗಿನಲ್ಲಿ ಹಿಟ್ಲರನ ಯುದ್ಧನೌಕೆ ಗುಂಡು ಹಾರಿಸಿದ್ದು ಈ ಊರಿನ ರೇವಿನಲ್ಲಿಯೇ. ಮುಂದಿನ ಆರು ವರ್ಷಗಳಲ್ಲಿ ಪೋಲೆಂಡ್ ಸುಮಾರು 60 ಲಕ್ಷ ಪ್ರಜೆಗಳನ್ನು ಕಳೆದುಕೊಂಡಿತು. ಅವರಲ್ಲಿ ಅರ್ಧದಷ್ಟು ಮಂದಿ ಯಹೂದಿಗಳು. 1945ರಲ್ಲಿ ಕಾಲಚಕ್ರ ತಿರುಗಿತು. ಗೆದ್ದ ರಾಷ್ಟ್ರಗಳು ನಕಾಶೆಯ ಮೇಲೆ ಪೋಲೆಂಡನ್ನು ಪಶ್ಚಿಮಕ್ಕೆ ಸರಿಸಿದವು. ಈ ಸೀಮೆಯಿಂದಲೂ ಪೂರ್ವ ಯೂರೋಪಿನ ಇತರ ಭಾಗಗಳಿಂದಲೂ ಒಂದು ಕೋಟಿಗೂ ಮಿಕ್ಕ ಜರ್ಮನರು ಮನೆಮಾರು ಬಿಟ್ಟು ಹೊರಟರು. ಅವರು ಬಿಟ್ಟ ಮನೆಗಳಿಗೆ, ಸೋವಿಯತ್ ಪಾಲಾದ ವಿಲ್ನೊ, ಲ್ವೋವ್ ಮೊದಲಾದ ಊರುಗಳಿಂದ ಹೊರಟ ಪೋಲಿಷ್ ಜನ ಗಂಟುಮೂಟೆ ಕಟ್ಟಿಕೊಂಡು ಬಂದು ಸೇರಿದರು. ಹೋದವರ ಹಿರಿಯರೂ ಬಂದವರ ಹಿರಿಯರೂ ಹಿಂದೆ, ಮಣ್ಣಿನಲ್ಲಿ ಉಳಿದರು.

ಗ್ರಾಸ್ 1927ರಲ್ಲಿ ಡಾನ್ಜಿಗ್‌ನಲ್ಲಿಯೇ ಹುಟ್ಟಿದವನು. ತಂದೆ ಜರ್ಮನ್, ತಾಯಿ ಕಷೂಬಿಯನ್ ಎಂಬ ಸಣ್ಣ ಸ್ಲಾವ್ ಜನಾಂಗದವಳು. 1959ರ ‘ದಿ ಟಿನ್ ಡ್ರಮ್’ ಅವನಿಗೆ ಜಗತ್ತಿನ ಕೀರ್ತಿ ತಂದಿತು. 1999ರಲ್ಲಿ ನೊಬೆಲ್ ಬಂತು. ಆ ದೊಡ್ಡ ಗ್ರಂಥದ ಮುಂದೆ ಪ್ರಕೃತ ಕಾದಂಬರಿ ಗಾತ್ರದಲ್ಲಿಯೂ ಗತ್ತಿನಲ್ಲಿಯೂ ಚಿಕ್ಕದೇ. ಆದರೆ ನನಗೆ ಬಹಳ ದಿನ ನಿದ್ದೆಗೆಡಿಸಿದ್ದು ಈ ಚಿಕ್ಕ ಪುಸ್ತಕ.

1989ರ ನವೆಂಬರ್ 2, ಕ್ರೈಸ್ತರು ಸತ್ತವರನ್ನು ನೆನೆಯುವ ದಿನ. ಗ್ದಾನ್ಸ್ಕಿನ ಹೂವಿನ ಅಂಗಡಿಯ ಮುಂದೆ ಇಬ್ಬರು ನಡುವಯಸ್ಸು ದಾಟಿದವರು ಭೇಟಿಯಾಗುತ್ತಾರೆ. ರೆಷ್ಕೆ ಈ ಊರಿನಲ್ಲಿ ಹುಟ್ಟಿ ಪಶ್ಚಿಮ ಜರ್ಮನಿ ಸೇರಿದ ಪ್ರೊಫೆಸರು. ಹಳೆಯ ಗೋರಿಕಲ್ಲುಗಳ ಶಾಸ್ತ್ರಜ್ಞ. ಅಲೆಕ್ಸಾಂಡ್ರಾ ಪ್ಯೊಂಟ್ಕೊವ್‌ಸ್ಕಾ ವಿಲ್ನೊದಿಂದ ಬಂದವಳು. ಪುರಾತನ ವಸ್ತುಗಳಿಗೆ ಚಿನ್ನದ ಹೊದಿಕೆ ಕೂರಿಸುವ ಕುಶಲಿ. ಅವನು ವಿಧುರ, ಅವಳು ವಿಧವೆ. ಮಾತಿಗೆ ಮಾತು ಬೆಳೆದು ಒಂದು ಯೋಚನೆ ಹುಟ್ಟುತ್ತದೆ: ಊರು ಬಿಟ್ಟವರು ಕೊನೆಗಾದರೂ ಹುಟ್ಟಿದ ಮಣ್ಣಿಗೆ ಸೇರಲಿ. ಜರ್ಮನರಿಗೆ ಗ್ದಾನ್ಸ್ಕಿನಲ್ಲಿ, ವಿಲ್ನೊದ ಪೋಲಿಷರಿಗೆ ವಿಲ್ನೊದಲ್ಲಿ, ಆರಡಿ ನೆಲ. ಇಷ್ಟಕ್ಕೇ ಒಂದು ಸ್ಮಶಾನ ಸಂಘ ಸ್ಥಾಪನೆಯಾಗುತ್ತದೆ.

ಇಲ್ಲಿ ಓದು ನಿಲ್ಲಿಸಿ ಪುಸ್ತಕ ಮುಚ್ಚಿಟ್ಟೆ. ಏಕೆಂದರೆ ಈ ಯೋಚನೆಯನ್ನು ನಾನು ಮೊದಲು ಕೇಳಿದ್ದು ನಮ್ಮ ಅಜ್ಜಿಯ ಬಾಯಲ್ಲಿ.

ನಮ್ಮ ಮನೆತನ ಹೊಸಪೇಟೆಯ ಕಡೆಯ ನಾರಾಯಣದೇವರಕೆರೆಯದು. ತುಂಗಭದ್ರೆಗೆ ಅಣೆಕಟ್ಟು ಬಂದಾಗ ಮುಳುಗಿದ ಸುಮಾರು 90 ಊರುಗಳಲ್ಲಿ ಅದೂ ಒಂದು. ಊರಿನ ಬಹುಮಂದಿ ಹೋಗಿ ಮರಿಯಮ್ಮನಹಳ್ಳಿಯಲ್ಲಿ ನೆಲೆಸಿದರು. ನಮ್ಮವರು ನೆಂಟಸ್ತಿಕೆಯ ದೆಸೆಯಿಂದ ಕಂಪ್ಲಿಯ ಕಡೆಯ ಈ ಮೆಟ್ರಿಗೆ ಬಂದರು. ಹೂಳುವ ಸಂಪ್ರದಾಯದವರಾದ ನಮಗೆ ಹಿರಿಯರ ಸಮಾಧಿಗಳನ್ನು ಹೊತ್ತು ತರುವಂತಿರಲಿಲ್ಲ. ಅಜ್ಜನೂ ಅವನ ತಂದೆಯೂ ನೀರಿನ ಕೆಳಗೆ ಉಳಿದರು. ಬೇಸಗೆಯಲ್ಲಿ ಜಲಾಶಯ ಬತ್ತಿದಾಗ ಹಳೆಯ ಊರುಗಳ ಗೋಡೆ ಗುಡಿಗಳ ಗುರುತು ಕಾಣುವುದುಂಟು. ಅಂಥ ಸುದ್ದಿ ಬಂದ ವರ್ಷ ಅಜ್ಜಿ, “ನನ್ನ ಜೀವ ಬೇಸಗೆಯಾಗೇ ಹೋಗಲಿ, ಅಲ್ಲೇ ಇಟ್ಟುಬಿಡ್ರಿ” ಎನ್ನುತ್ತಿದ್ದಳು. ಅವಳು ತೀರಿಕೊಂಡದ್ದು ಶ್ರಾವಣದಲ್ಲಿ. ಜಲಾಶಯ ತುಂಬಿ ತುಳುಕುತ್ತಿತ್ತು. ಮೆಟ್ರಿಯಲ್ಲಿಯೇ ಹೂಳಿದೆವು. ಅವಳ ಪೆಟ್ಟಿಗೆಯಲ್ಲಿ ಬಟ್ಟೆಯ ಗಂಟಿನೊಳಗೆ ಸಿಕ್ಕ ಹಳೆಯ ಊರಿನ ಒಂದು ಹಿಡಿ ಮಣ್ಣನ್ನು ನಮ್ಮ ತಂದೆ ಗುಣಿಯೊಳಗೆ ಹಾಕಿದರು. ನಾನಾಗ ಹೈಸ್ಕೂಲಿನ ಹುಡುಗ. ರೆಷ್ಕೆಯ ಯೋಚನೆಯನ್ನು ಮುದುಕರ ಹುಚ್ಚೆಂದು ನಗುವುದು ನನ್ನಿಂದ ಆಗದು.

ಆದರೆ ಗ್ರಾಸ್ ನಗುತ್ತಾನೆ. ಮತ್ತು ಅವನ ನಗೆಗೆ ಕಾರಣವಿದೆ. ಸಂಘ ಬೆಳೆಯುತ್ತದೆ. ಪಶ್ಚಿಮದಿಂದ ಮಾರ್ಕಿನ ಹೊಳೆ ಹರಿಯುತ್ತದೆ. ಮೊದಲು ಶವಗಳು ಬರುತ್ತವೆ. ಆಮೇಲೆ ಸಾಯುವವರಿಗಾಗಿ ವೃದ್ಧಾಶ್ರಮಗಳು ಬೇಕೆನ್ನಿಸುತ್ತದೆ. ಅದಾದ ಮೇಲೆ, ಜರ್ಮನಿಯಲ್ಲಿ ಎಂದೋ ಹೂತವರ ಎಲುಬುಗಳನ್ನೂ ಅಗೆದು ತರುವ ಏರ್ಪಾಡು. ಮುದುಕರನ್ನು ನೋಡಲು ಬರುವ ಮೊಮ್ಮಕ್ಕಳಿಗೆ ಬಂಗಲೆ ಬೇಡವೇ? ಗಾಲ್ಫ್ ಮೈದಾನ ಬೇಡವೇ? ಬಂದೂಕಿನಿಂದ ಕಳೆದುಕೊಂಡ ಸೀಮೆಯನ್ನು ಹೆಣಗಳನ್ನು ಮುಂದಿಟ್ಟುಕೊಂಡು ಚೆಕ್ಕಿನಿಂದ ಮರಳಿ ಪಡೆಯುವ ವ್ಯಾಪಾರ ಅದಾಗುತ್ತದೆ. ವಿಲ್ನೊದ ಬಡ ಪೋಲಿಷರ ಪಾಲಿನ ಯೋಜನೆ ಮಾತ್ರ ಮುಂದೆ ಸಾಗುವುದೇ ಇಲ್ಲ. ಸಂಘವನ್ನು ಹುಟ್ಟಿಸಿದ ಇಬ್ಬರೂ ನಾಚಿ ರಾಜೀನಾಮೆ ಕೊಟ್ಟು ಹೊರನಡೆಯುತ್ತಾರೆ.

ಈ ಕಾದಂಬರಿಯ ಜೀವಾಳ ಈ ಜಾರುಗುಂಡಿಯಲ್ಲಿದೆ. ಒಂದು ಹಂತಕ್ಕೂ ಮುಂದಿನ ಹಂತಕ್ಕೂ ನಡುವೆ ಯಾವ ದುಷ್ಟನೂ ಕಾಣಿಸಿಕೊಳ್ಳುವುದಿಲ್ಲ. ಎಲ್ಲರೂ ಸಭ್ಯರು, ಎಲ್ಲ ಠರಾವುಗಳೂ ಸರ್ವಾನುಮತದ ಹತ್ತಿರ ಹತ್ತಿರ ಬರುತ್ತವೆ. ಸಭೆಯ ನಡವಳಿಯ ಒಣಭಾಷೆಯಲ್ಲಿಯೇ ಗ್ರಾಸ್ ಈ ಅಧಃಪತನವನ್ನು ಬರೆದಿರುವ ರೀತಿ ಮೆಚ್ಚತಕ್ಕದ್ದು. ನನಗೆ ತೋರುವಮಟ್ಟಿಗೆ ಅವನು ಹುಡುಕುತ್ತಿದ್ದ ಭೇದಕ್ಕೆ ನಮ್ಮ ಭಾಷೆಯಲ್ಲಿ ಎರಡು ಪದಗಳು ಸಿದ್ಧವಾಗಿವೆ: ಋಣ, ಹಕ್ಕು. ಮಣ್ಣಿನ ಋಣ ಎಂದಾಗ ಸಾಲಗಾರ ನಾನು, ಮಣ್ಣು ಸಾಲ ಕೊಟ್ಟದ್ದು. ಮಣ್ಣಿನ ಹಕ್ಕು ಎಂದಾಗ ಮಾತು ತಲೆಕೆಳಗಾಗುತ್ತದೆ. ಅಜ್ಜಿ ಕೇಳಿದ್ದು ಋಣ ತೀರಿಸುವ ಅವಕಾಶ. ಸ್ಮಶಾನ ಸಂಘದವರು ಋಣದ ಹೆಸರಿನಲ್ಲಿ ಹಕ್ಕಿನ ಪತ್ರ ಬರೆಸಿಕೊಂಡರು.

ಇದು ದೂರದ ಜರ್ಮನರ ದೋಷವೆಂದು ನಾವು ಬೀಗಬೇಕಾದ್ದಿಲ್ಲ. ಆಂಧ್ರ ರಾಜ್ಯ ರಚನೆಯಾದ 1953ರ ಅಕ್ಟೋಬರ್ 1ರಂದು ಬಳ್ಳಾರಿ ಜಿಲ್ಲೆ ಒಡೆಯಿತು. ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಅತ್ತ ಹೋದವು, ಉಳಿದವು ಮೈಸೂರಿಗೆ ಬಂದವು. ಎರಡೇ ವರ್ಷದಲ್ಲಿ, 1955ರಲ್ಲಿ, ರಾಜ್ಯ ಪುನರ್ವಿಂಗಡಣಾ ಆಯೋಗ ಬಳ್ಳಾರಿ, ಹೊಸಪೇಟೆ, ಸಿರುಗುಪ್ಪಗಳನ್ನು ಆಂಧ್ರಕ್ಕೆ ಕೊಡಬೇಕೆಂದಿತು. ಆ ಸಲಹೆ ಜಾರಿಗೆ ಬರಲಿಲ್ಲ. ಅಂದು ಹೊಸಪೇಟೆ ತಾಲ್ಲೂಕಿನಲ್ಲಿದ್ದ ಮೆಟ್ರಿಯ ಜನ, ಮಲಗಿ ಏಳುವುದರೊಳಗೆ ಯಾವ ರಾಜ್ಯದವರಾಗುತ್ತೇವೋ ಎಂದು ಪತ್ರಿಕೆ ಓದಿಸಿ ಕೇಳುತ್ತಿದ್ದರಂತೆ. ಆ ವಾದವಿವಾದಗಳಲ್ಲಿ ಎರಡು ಪಕ್ಷದವರೂ ಹಂಪಿಯನ್ನು ಸಾಕ್ಷಿಗೆ ಕರೆದರು. ‘ಆಮುಕ್ತಮಾಲ್ಯದ’ವನ್ನು ತೆಲುಗಿನಲ್ಲಿ ಬರೆದು ‘ಕನ್ನಡರಾಜ್ಯ ರಮಾರಮಣ’ನೆನಿಸಿಕೊಂಡ ಕೃಷ್ಣದೇವರಾಯನಿಗೆ ಈ ಜಗ್ಗಾಟ ಅರ್ಥವಾಗುತ್ತಿತ್ತೋ ಇಲ್ಲವೋ. ನಮ್ಮ ಪುಣ್ಯ, ಇಲ್ಲಿ ಒಂದು ಕೋಟಿ ಜನ ಗಂಟು ಕಟ್ಟಲಿಲ್ಲ. ಕಾಲುವೆಯ ನೀರು ಹರಿದ ಮೇಲೆ ಕರಾವಳಿ ಆಂಧ್ರದಿಂದ ಬಂದ ರೈತರು ಕ್ಯಾಂಪುಗಳನ್ನು ಕಟ್ಟಿ ಭತ್ತ ಬೆಳೆದರು. ಅವರ ಮೊಮ್ಮಕ್ಕಳು ಕನ್ನಡ ಶಾಲೆಯಲ್ಲಿ ಓದಿದರು. ಅವರ ಹಿರಿಯರೂ ಈಗ ಈ ಮಣ್ಣಿನಲ್ಲಿಯೇ ಇದ್ದಾರೆ.

ಜರ್ಮನಿಯ ರಾಜಕೀಯವೂ ಈ ಎರಡು ಪದಗಳ ನಡುವೆಯೇ ತೂಗಾಡಿತು. 1970ರ ಡಿಸೆಂಬರ್ 7ರಂದು ಪ್ರಧಾನಿ ವಿಲ್ಲಿ ಬ್ರಾಂಟ್ ವಾರ್ಸಾದಲ್ಲಿ, ಯಹೂದಿ ಘೆಟ್ಟೋದ ವೀರರ ಸ್ಮಾರಕದ ಮುಂದೆ ಮೊಣಕಾಲೂರಿದ. ಆ ಪ್ರವಾಸದಲ್ಲಿ ಗ್ರಾಸ್ ಕೂಡ ಇದ್ದ. ಅಂದಿನ ಒಪ್ಪಂದದಲ್ಲಿ ಬ್ರಾಂಟ್ ಓಡರ್-ನೈಸೆ ಗಡಿಗೆ ಒಪ್ಪಿಗೆ ಕೊಟ್ಟ. ಎಂದರೆ ಗ್ರಾಸ್‌ನ ಹುಟ್ಟೂರು ಇನ್ನು ತಮ್ಮದಲ್ಲವೆಂದು ಒಪ್ಪಿದಂತಾಯಿತು. ಜರ್ಮನಿ ಒಂದಾಗುವ ಹೊತ್ತಿಗೆ ಪ್ರಧಾನಿ ಕೋಲ್ ಅದೇ ಮಾತನ್ನು ಆಡಲು ತಿಂಗಳುಗಟ್ಟಲೆ ಹಿಂದುಮುಂದು ನೋಡಿದ. ಕೊನೆಯ ಸಹಿ ಬಿದ್ದದ್ದು 1990ರ ನವೆಂಬರ್ 14ರಂದು. ಕಾದಂಬರಿಯ ಭಯ ಈ ತಿಂಗಳುಗಳಲ್ಲಿ ಹುಟ್ಟಿದ ಭಯ.

ಇನ್ನು ದೋಷಗಳ ಮಾತು. ಅಲೆಕ್ಸಾಂಡ್ರಾ ಉಸಿರಾಡುತ್ತಾಳೆ, ರೆಷ್ಕೆ ಅನೇಕ ಕಡೆ ಒಂದು ವಾದದ ಕೈಗೊಂಬೆ. ಗ್ದಾನ್ಸ್ಕಿನ ಬೀದಿಯಲ್ಲಿ ಸೈಕಲ್ ರಿಕ್ಷಾ ಕಂಪನಿ ನಡೆಸುವ ಚಟರ್ಜಿ ಎಂಬ ಬಂಗಾಳಿಯೊಬ್ಬ ಬರುತ್ತಾನೆ. ಕಲ್ಕತ್ತೆಯಲ್ಲಿ 1986-87ರಲ್ಲಿ ಕೆಲವು ತಿಂಗಳು ವಾಸಿಸಿದ ಗ್ರಾಸ್ ನಮ್ಮವನನ್ನು ಆದರದಿಂದಲೇ ಚಿತ್ರಿಸಿದ್ದಾನೆ, ನಿಜ. ಆದರೆ ಈ ಚಟರ್ಜಿಗೆ ಯಶಸ್ಸು ಮಾತ್ರ ಇದೆ, ಮನೆಯ ನೆನಪಿಲ್ಲ. ಊರು ಬಿಟ್ಟವರ ಸಂಕಟವನ್ನೇ ವಸ್ತುವಾಗಿ ಮಾಡಿಕೊಂಡ ಗ್ರಂಥದಲ್ಲಿ, ಎಲ್ಲರಿಗಿಂತ ದೂರದಿಂದ ಬಂದವನಿಗೆ ಆ ಸಂಕಟವೇ ತಟ್ಟದಿರುವುದು ನ್ಯೂನತೆ. ನಮ್ಮ ನಾ. ಡಿಸೋಜ ಶರಾವತಿಯ ಮುಳುಗಡೆಯನ್ನು ಕುರಿತು ‘ದ್ವೀಪ’ದಲ್ಲಿ ಬರೆದಾಗ ಇಂಥ ಎಡವಟ್ಟು ಆಗಲಿಲ್ಲ, ಅಲ್ಲಿ ನೀರು ಏರುವುದು ಒಂದು ಮನೆಯ ಜಗಲಿಗೆ.

ಇನ್ನೊಂದು ಮಾತು: ಕಪ್ಪೆ ಕೂಗಿದಷ್ಟು ಕೇಡು ಆಗಲಿಲ್ಲ. 2004ರಲ್ಲಿ ಪೋಲೆಂಡ್ ಯೂರೋಪಿಯನ್ ಒಕ್ಕೂಟಕ್ಕೆ ಸೇರಿತು. 2007ರಲ್ಲಿ ಗಡಿಯ ತಪಾಸಣೆಯೇ ನಿಂತಿತು. 2023ರಲ್ಲಿ ಜರ್ಮನಿಯೂ 2025ರಲ್ಲಿ ಪೋಲೆಂಡೂ ತಪಾಸಣೆಯನ್ನು ಮತ್ತೆ ಆರಂಭಿಸಿದ್ದುಂಟು. ಆದರೆ ಅದು ಬೇರೆ ದೇಶಗಳಿಂದ ಬರುವ ವಲಸಿಗರ ಕಾರಣಕ್ಕೆ. ನೆಲ ಯಾರದೆಂಬ ಜಗಳ ಅದರಲ್ಲಿಲ್ಲ. ಇಷ್ಟರಿಂದ ಕಾದಂಬರಿ ಸುಳ್ಳಾಯಿತೆನ್ನಲಾರೆ. ಎಚ್ಚರಿಸಿದವನ ಮಾತು ಫಲಿಸದೆ ಹೋದರೆ ಊರಿಗೆ ಒಳ್ಳೆಯದೇ. 2006ರಲ್ಲಿ ಗ್ರಾಸ್, ತಾನು ಹದಿಹರೆಯದಲ್ಲಿ ಹಿಟ್ಲರನ ವಾಫೆನ್ ಎಸ್‌ಎಸ್ ಪಡೆಯಲ್ಲಿದ್ದೆನೆಂದು ಬಹಳ ತಡವಾಗಿ ಒಪ್ಪಿಕೊಂಡಾಗ ಅನೇಕರು ಅವನ ನೈತಿಕ ಅಧಿಕಾರವನ್ನೇ ಪ್ರಶ್ನಿಸಿದರು. ಪ್ರಶ್ನಿಸಿದ್ದು ಸರಿಯೇ. ಋಣದ ಮಾತನ್ನು ಇಷ್ಟು ಬಲ್ಲವನು ತನ್ನ ಲೆಕ್ಕದ ಒಂದು ಪುಟವನ್ನು ಅರುವತ್ತು ವರ್ಷ ಮುಚ್ಚಿಟ್ಟಿದ್ದ.

ಕೊನೆಯಲ್ಲಿ ರೆಷ್ಕೆಯೂ ಅಲೆಕ್ಸಾಂಡ್ರಾಳೂ ಮದುವೆಯಾಗಿ ಇಟಲಿಗೆ ಪ್ರವಾಸ ಹೋಗುತ್ತಾರೆ. ಅಲ್ಲಿ ಕಾರಿನ ಅಪಘಾತದಲ್ಲಿ ಸಾಯುತ್ತಾರೆ. ಯಾವುದೋ ಹಳ್ಳಿಯ ಸ್ಮಶಾನದಲ್ಲಿ ಅವರನ್ನು ಹೂಳುತ್ತಾರೆ. ಡಾನ್ಜಿಗ್ ಅಲ್ಲ, ವಿಲ್ನೊ ಅಲ್ಲ. ಅವರಿಗೆ ಹಕ್ಕೂ ಇಲ್ಲದ, ಋಣವೂ ಇಲ್ಲದ ನೆಲ. ಕಥೆ ಹೇಳುವವನು ಅವರನ್ನು ಅಲ್ಲಿಯೇ ಇರಗೊಡುತ್ತಾನೆ.

ಮೊದಲ ಸಲ ಓದಿದಾಗ ಈ ಮುಕ್ತಾಯ ನನಗೆ ನಿರ್ದಯವಾಗಿ ಕಂಡಿತ್ತು. ಈಚೆಗೆ ಹಾಗೆ ಅನ್ನಿಸುವುದಿಲ್ಲ. ಅಜ್ಜಿಯ ಸಮಾಧಿಯ ಪಕ್ಕದಲ್ಲಿ ಈಗ ನಮ್ಮ ತಂದೆ ಇದ್ದಾರೆ. ಅವರು ಯಾವ ಮಣ್ಣನ್ನೂ ಗಂಟು ಕಟ್ಟಿ ಇಟ್ಟಿರಲಿಲ್ಲ. ಈ ಕಾದಂಬರಿ ಕನ್ನಡದಲ್ಲಿ ನಮ್ಮ ಓದುಗರ ಕೈಗೆ ಬರಬೇಕು. ಅದಕ್ಕೆ ತಕ್ಕ ಭಾಷಾಂತರಕಾರ ತುಂಗಭದ್ರೆಯ ದಂಡೆಯಲ್ಲಿ ಸಿಕ್ಕಾನೆಂದು ನನ್ನ ನಂಬಿಕೆ.