ಗೋಡೆಯಿಂದ ಕೀಳಲಾಗದ ಚಿತ್ರ

ಬೀದಿಗೋಡೆಯ ಚಿತ್ರದ ಮುಂದೆ ನಿಂತಾಗ ನಾನು ಮೊದಲು ಬಣ್ಣ ನೋಡುವುದಿಲ್ಲ, ಗೋಡೆ ನೋಡುತ್ತೇನೆ. ಇದೇ ಚಿತ್ರವನ್ನು ಇಲ್ಲಿಂದ ಎಬ್ಬಿಸಿ ಇನ್ನೊಂದು ಬಡಾವಣೆಯ ಗೋಡೆಗೆ ಮೆತ್ತಿದರೆ ಏನಾದರೂ ಕಳೆದುಹೋಗುತ್ತದೆಯೇ? ಏನೂ ಕಳೆಯದಿದ್ದರೆ ಅದು ದೊಡ್ಡ ಅಳತೆಯ ಕ್ಯಾಲೆಂಡರು. ಕಳೆಯುವಂತಿದ್ದರೆ ಅಲ್ಲಿ ಸ್ವಲ್ಪ ಹೊತ್ತು ನಿಲ್ಲಬಹುದು.

ಬೆಂಗಳೂರಿನ ಬೀದಿಚಿತ್ರ ನಡಿಗೆಗಳಿಗೆ ಹೋಗುವ ನಮ್ಮ ಕಡೆಯವರಿಗೆಲ್ಲ ನಾನು ಹೇಳಿಕೊಡುವುದು ಈ ಒಂದು ಪರೀಕ್ಷೆಯನ್ನೇ. ಕನಕಪುರದವರಿಗೆ ಈಗ ಹೋಗಿಬರುವುದೂ ಕಷ್ಟವಲ್ಲ. 2021ರ ಜನವರಿಯಲ್ಲಿ ಮೆಟ್ರೋ ಹಸಿರು ಮಾರ್ಗ ನಮ್ಮ ರಸ್ತೆಯ ರೇಷ್ಮೆ ಸಂಸ್ಥೆಯವರೆಗೆ ಬಂತು. ಹಾರೋಹಳ್ಳಿ, ಕಗ್ಗಲೀಪುರ ದಾಟಿದ ಬಸ್ಸಿಳಿದು ರೈಲು ಹತ್ತಿದರೆ ಬನಶಂಕರಿ, ಲಾಲ್‌ಬಾಗ್, ಕೆ.ಆರ್. ಮಾರ್ಕೆಟ್, ಮೆಜೆಸ್ಟಿಕ್ ಎಲ್ಲವೂ ಒಂದೇ ಸಾಲಿನಲ್ಲಿ ಸಿಗುತ್ತವೆ. ಕೊನೆಯ ಕಡೆಗೆ ಪೀಣ್ಯ. 2014ರಲ್ಲಿ ಸೃಷ್ಟಿ ಕಲಾಶಾಲೆಯ ವಿದ್ಯಾರ್ಥಿಗಳು ಮೆಟ್ರೋ ನಿಗಮದ ಒಪ್ಪಿಗೆ ಪಡೆದು ನಿಲ್ದಾಣದ ಗೋಡೆ, ಕಂಬಗಳ ಮೇಲೆ ಕೈ ಆಡಿಸಲು ಶುರುಮಾಡಿದ್ದು ಅಲ್ಲೇ. ಆಮೇಲೆ ಅವರು ಕಬ್ಬನ್ ಪಾರ್ಕ್ ನಿಲ್ದಾಣಕ್ಕೂ ಇಳಿದರು. ರೈಲು ಹಿಡಿಯುವ ಆತುರದಲ್ಲಿರುವವನನ್ನು ಅರೆಕ್ಷಣ ತಡೆಯುವ ಚಿತ್ರ ಬರೆಯುವುದು ಸುಲಭದ ಕೆಲಸವಲ್ಲ. ಅವರಲ್ಲಿ ಕೆಲವರಿಗೆ ಅದು ಒಲಿಯಿತು, ಹಲವರಿಗೆ ಒಲಿಯಲಿಲ್ಲ. ಕಲಿಯುವ ಮಕ್ಕಳ ಕೆಲಸ ಹಾಗೇ ಇರಬೇಕು.

ನಡಿಗೆಯ ಕ್ರಮ ಎಲ್ಲ ಕಡೆಯೂ ಒಂದೇ ತರಹ. ಭಾನುವಾರ ಬೆಳಿಗ್ಗೆ ಒಂದು ಗುಂಪು, ಮುಂದೆ ಕಲಾಶಾಲೆ ಮುಗಿಸಿದ ಹುಡುಗಿಯೋ ಕಟ್ಟಡಶಾಸ್ತ್ರ ಓದಿದ ಹುಡುಗನೋ, ಪ್ರತಿ ಗೋಡೆಯ ಮುಂದೆ ಐದು ನಿಮಿಷ, ಅದರಲ್ಲಿ ಮೂರು ನಿಮಿಷ ಸೆಲ್ಫಿಗೆ. ಫಿಲಡೆಲ್ಫಿಯಾ ನಗರದಲ್ಲಿ ಇದು ದೊಡ್ಡ ವ್ಯವಸ್ಥೆಯಾಗಿಯೇ ಬೆಳೆದಿದೆ. ಗೋಡೆ ಗೀಚುವ ಹುಡುಗರ ಕೈಗೆ ಬೇಡಿಯ ಬದಲು ಕುಂಚ ಕೊಡೋಣವೆಂದು 1984ರಲ್ಲಿ ನಗರಾಡಳಿತ ಆರಂಭಿಸಿದ ಕೆಲಸ ಮುಂದೆ ಸಾವಿರಾರು ಭಿತ್ತಿಚಿತ್ರಗಳಾಗಿ, ಅವನ್ನು ತೋರಿಸುವ ನಡಿಗೆಗಳೂ ಹುಟ್ಟಿಕೊಂಡವು. ದಿಲ್ಲಿಯ ಲೋಧಿ ಕಾಲೊನಿಯಲ್ಲಿ ಸರ್ಕಾರಿ ವಸತಿಗಳ ಎತ್ತರದ ಗೋಡೆಗಳೇ ಈಗ ಬಯಲು ಗ್ಯಾಲರಿ. ಆದರೆ ಲೋಧಿ ಕಾಲೊನಿಯಲ್ಲಿ ಗೋಡೆಗಳ ಅಳತೆ ಒಂದೇ, ಕಮಾನುಗಳೂ ಒಂದೇ. ಬೆಂಗಳೂರಿನ ಗೋಡೆಗಳು ಯಾವುದಕ್ಕೂ ಬಗ್ಗುವುದಿಲ್ಲ. ಚಿತ್ರದ ನಡುವೆ ವಿದ್ಯುತ್ ಪೆಟ್ಟಿಗೆ ಬರುತ್ತದೆ, ಕಿವಿಯ ಜಾಗದಲ್ಲಿ ಮೋರಿಯ ಪೈಪು. ನನಗೆ ಇಷ್ಟವಾಗುವುದು ಇದೇ.

ಕಳೆದ ಸಲದ ನಡಿಗೆಗೆ ನಮ್ಮೂರಿನ ಹಳೆಯ ಬೋರ್ಡ್ ಆರ್ಟಿಸ್ಟ್ ಒಬ್ಬರನ್ನು ಜೊತೆಗೆ ಕರೆದೊಯ್ದೆ. ಅಂಗಡಿ ಬೋರ್ಡು, ಟ್ರ್ಯಾಕ್ಟರ್ ಟ್ರೇಲರಿನ ಹಿಂದಿನ ಹೂಬಳ್ಳಿ, ಗೋಡೆ ಮೇಲಿನ ಸಿಮೆಂಟು ಜಾಹೀರಾತು, ಚುನಾವಣೆಯ ಚಿಹ್ನೆ ಎಲ್ಲವನ್ನೂ ಬರೆದು ಸಂಸಾರ ಸಾಗಿಸಿದವರು. ದಾರಿತೋರುವ ಹುಡುಗಿ ಚಿತ್ರದ ಅರ್ಥ ಬಿಡಿಸುತ್ತಿದ್ದರೆ ಇವರು ಗೋಡೆಯ ಬುಡಕ್ಕೆ ಬಗ್ಗಿ ಬೆರಳಿನಿಂದ ಕೆರೆದು ನೋಡುತ್ತಿದ್ದರು. "ಪ್ರೈಮರ್ ಒಂದೇ ಕೋಟು ಹೊಡ್ದವ್ರೆ. ಥಂಡಿ ಮೇಲಕ್ಕೆ ಹತ್ತೈತೆ ನೋಡಿ, ಇನ್ನೆರಡು ಮಳೆಗೆ ಎದ್ದುಬತ್ತದೆ" ಎಂದರು. ನಮ್ಮ ಹಳ್ಳಿಮನೆಗಳಲ್ಲಿ ಸುಣ್ಣದ ಗೋಡೆಯ ಬುಡಕ್ಕೆ ಕೆಮ್ಮಣ್ಣಿನ ಕಾರಣೆ ಬಳಿಯುತ್ತಿದ್ದುದು ಅಂದಕ್ಕೆ ಮಾತ್ರ ಅಲ್ಲ. ನೆಲದ ಥಂಡಿ, ಸೂರಿನ ನೀರಿನ ಕೆಸರು ಮೊದಲು ಬಡಿಯುವ ಆ ಒಂದೆರಡು ಅಡಿಯನ್ನು ಹಬ್ಬಕ್ಕೊಮ್ಮೆ ಹೊಸದಾಗಿ ಬಳಿದರೆ ಸಾಕಿತ್ತು. ನಗರದ ಭಿತ್ತಿಚಿತ್ರಕಾರರು ಚಿತ್ರವನ್ನು ನೆಲದವರೆಗೂ ಇಳಿಸುತ್ತಾರೆ, ಅದು ಪಾದದಿಂದಲೇ ಸಾಯುತ್ತದೆ.

ಇನ್ನೊಂದು ಕಡೆ ಸೊಗಸಾದ ಕನ್ನಡ ಅಕ್ಷರಗಳ ಚಿತ್ರವಿತ್ತು. ಗುಂಪಿನವರೆಲ್ಲ ಮೆಚ್ಚಿದರು. ಇವರು ತಲೆ ಅಲ್ಲಾಡಿಸಿದರು. "ಒತ್ತಕ್ಷರಕ್ಕೆ ಜಾಗ್ವೇ ಬುಟ್ಟಿಲ್ವಲ್ಲವ್ವಾ." ನಿಜ. ಎರಡು ಸಾಲುಗಳನ್ನು ಇಂಗ್ಲಿಷಿನ ಅಳತೆಗೆ ಒತ್ತಟ್ಟಿಗೆ ಕೂರಿಸಿದ್ದರಿಂದ ಮೇಲಿನ ಸಾಲಿನ ಒತ್ತುಗಳು ಕೆಳಗಿನ ಸಾಲಿನ ತಲೆಕಟ್ಟಿಗೆ ಸಿಕ್ಕಿಹಾಕಿಕೊಂಡಿದ್ದವು. ಕುಂಚ ಹಿಡಿದು ಬೋರ್ಡು ಬರೆದವರು ಈ ತಪ್ಪು ಮಾಡುವುದಿಲ್ಲ. ಮೊದಲು ಸುಣ್ಣದ ದಾರ ಬಡಿದು ಗೆರೆ ಹಾಕುವಾಗಲೇ ಒತ್ತಿನ ಪಾಲು ತೆಗೆದಿಟ್ಟಿರುತ್ತಾರೆ. ನಡಿಗೆ ಮಾಡಿಸುವವರು ಬರ್ಲಿನ್, ಬ್ಯಾಂಕ್ಸಿ ಎಂದೆಲ್ಲ ಹೇಳುತ್ತಾರೆ. ಅದೇ ಬೀದಿಯಲ್ಲಿ ಮೂಲೆಗೆ 'ಇಂಥ ಆರ್ಟ್ಸ್' ಎಂದು ಸಹಿ ಹಾಕಿರುವ ಹಳೆಯ ಬೋರ್ಡಿನ ಮುಂದೆ ಮಾತ್ರ ನಿಲ್ಲುವುದಿಲ್ಲ. ಇದು ನನ್ನ ದೊಡ್ಡ ತಕರಾರು.

ಬೆಂಗಳೂರಿನ ಗೋಡೆಗಳಿಗೆ ದೊಡ್ಡ ಪ್ರಮಾಣದಲ್ಲಿ ಬಣ್ಣ ಬಂದದ್ದೇ ಈ ಬೋರ್ಡು, ಬ್ಯಾನರ್ ಬರೆಯುವವರ ಕೈಯಿಂದ. 2009ರಲ್ಲಿ ಬಿಬಿಎಂಪಿ ಭಿತ್ತಿಪತ್ರ ಅಂಟಿಸುವವರ ಕಾಟಕ್ಕೆ ಬೇಸತ್ತು ಮುಖ್ಯರಸ್ತೆಗಳ ಗೋಡೆಗಳನ್ನು ಈ ಬೋರ್ಡು ಬರೆಯುವವರಿಗೆ ಒಪ್ಪಿಸಿತು. ಹಂಪಿಯ ರಥ, ಜಲಪಾತ, ಹುಲಿ, ಸ್ವಾತಂತ್ರ್ಯ ಹೋರಾಟಗಾರರು ಮೈಲಿಗಟ್ಟಲೆ ಮೂಡಿದರು. ಕ್ಯಾಲೆಂಡರ್ ಚಿತ್ರ ಎಂದು ಮೂಗು ಮುರಿದವರು ಬಹಳ. ನನ್ನ ಪರೀಕ್ಷೆಯಲ್ಲೂ ಅವು ತೇರ್ಗಡೆಯಾಗುವುದಿಲ್ಲ, ಹಂಪಿಯ ರಥ ಯಾವ ಗೋಡೆಯ ಮೇಲಾದರೂ ನಿಂತೀತು. ಆದರೆ ಕೈಗಳನ್ನು ನೋಡಬೇಕು. ಗಾಂಧಿನಗರದ, ಕೆ.ಜಿ. ರಸ್ತೆಯ ಚಿತ್ರಮಂದಿರಗಳ ಮುಂದೆ ಆಳೆತ್ತರಕ್ಕೆ ಎಷ್ಟೋ ಪಾಲು ಮೀರಿದ ನಾಯಕರನ್ನು ನಿಲ್ಲಿಸಿದ್ದು ಇವರದೇ ಬಳಗ. ಅಂಗೈಯಗಲದ ಫೋಟೋದ ಮೇಲೆ ಚೌಕ ಎಳೆದು, ಅದೇ ಲೆಕ್ಕಕ್ಕೆ ಬಟ್ಟೆಯ ಮೇಲೆ ದೊಡ್ಡ ಚೌಕ ಹಾಕಿ, ತುಂಡು ತುಂಡಾಗಿ ಬರೆದು ಜೋಡಿಸುತ್ತಿದ್ದರು. ಬರೆಯುವಾಗ ಮುಖ ಪೂರ್ತಿ ಕಾಣುವುದೇ ಇಲ್ಲ, ಒಂದು ಕೆನ್ನೆಯಷ್ಟೇ ಕಣ್ಣೆದುರು. ಆ ಕೆನ್ನೆಗೆ ನೀಲಿ, ಹಸಿರು ನೆರಳು ಬಳಿದರೂ ರಸ್ತೆಯ ಆಚೆ ಬದಿಯಿಂದ ಅದು ಮಾಂಸದ ಬಣ್ಣವಾಗಿ ಕಾಣಬೇಕು. ಎಂ.ಎಫ್. ಹುಸೇನ್ ಮುಂಬಯಿಯಲ್ಲಿ ಕೈ ಪಳಗಿಸಿಕೊಂಡದ್ದು ಇಂಥ ಸಿನಿಮಾ ಬ್ಯಾನರ್‌ಗಳ ಮೇಲೆಯೇ. ಫ್ಲೆಕ್ಸ್ ಬಂತು, ಕೆಲಸ ಹೋಯಿತು. ಆ ಹೊತ್ತಿಗೆ ಪಾಲಿಕೆಯ ಗೋಡೆ ಸಿಕ್ಕಿದ್ದು ಅವರಿಗೆ ಕೂಳಾಯಿತು. 2018ರ ಆಗಸ್ಟ್‌ನಲ್ಲಿ ಹೈಕೋರ್ಟಿನ ಚಾಟಿಯಿಂದ ನಗರದ ಫ್ಲೆಕ್ಸುಗಳು ಇಳಿದಾಗ ಇವರು ಮತ್ತೆ ಏಣಿ ಹತ್ತಬಹುದೆಂದು ನಾನು ಆಸೆಪಟ್ಟಿದ್ದೆ. ಹತ್ತುವ ವಯಸ್ಸು ಬಹಳ ಜನರಿಗೆ ದಾಟಿತ್ತು.

ನನ್ನ ಪರೀಕ್ಷೆಯಲ್ಲಿ ಪೂರ್ಣಾಂಕ ಪಡೆಯುವವರು ಕಲಾವಿದ ಬಾದಲ್ ನಂಜುಂಡಸ್ವಾಮಿ. ಮೈಸೂರಿನ ಕಾವಾ ಕಲಾಶಾಲೆಯಲ್ಲಿ ಕಲಿತವರು. 2015ರ ಜೂನ್‌ನಲ್ಲಿ ಸುಲ್ತಾನ್‌ಪಾಳ್ಯದಲ್ಲಿ ಪೈಪ್ ಒಡೆದು ಹನ್ನೆರಡು ಅಡಿ ಉದ್ದದ ಗುಂಡಿ ಬಿದ್ದು ನೀರು ನಿಂತಿತ್ತು. ಇವರು ಸುಮಾರು 6,000 ರೂಪಾಯಿ ಖರ್ಚು ಮಾಡಿ ಇಪ್ಪತ್ತು ಕೆ.ಜಿ. ತೂಕದ ಮೊಸಳೆಯೊಂದನ್ನು ಮಾಡಿ ಆ ನೀರಿಗೆ ಬಿಟ್ಟರು, ಸುತ್ತ ಹಸಿರು ಬಣ್ಣ ಬಳಿದು ಗುಂಡಿಯನ್ನು ಕೆರೆ ಮಾಡಿದರು. ಸುದ್ದಿ ಊರೆಲ್ಲ ಹರಡಿತು, ಗುಂಡಿ ಮುಚ್ಚಿತು. 2019ರಲ್ಲಿ ಇನ್ನೂ ಮೇಲಿನ ಆಟ. ಚಂದ್ರಯಾನ-2ರ ಲ್ಯಾಂಡರ್ ಇಳಿಯಬೇಕಿದ್ದದ್ದು ಸೆಪ್ಟೆಂಬರ್ 7ರಂದು. ಅದಕ್ಕೆ ಕೆಲವೇ ದಿನ ಮುಂಚೆ ಹೇರೋಹಳ್ಳಿಯ ತುಂಗಾನಗರದ ರಸ್ತೆಯಲ್ಲಿ ನಟ ಪೂರ್ಣಚಂದ್ರ ಮೈಸೂರು ಗಗನಯಾತ್ರಿಯ ಉಡುಪು ತೊಟ್ಟು ಮೆಲ್ಲಗೆ ಹೆಜ್ಜೆ ಇಟ್ಟರು. ರಾತ್ರಿಯ ಬೆಳಕಿನಲ್ಲಿ ಸುತ್ತಲೂ ಚಂದ್ರನ ಕುಳಿಗಳೇ. ಪಕ್ಕದಲ್ಲಿ ಆಟೋ ಒಂದು ಹಾದುಹೋದ ಮೇಲೆ ಗೊತ್ತಾಗುವುದು, ಇದು ನಮ್ಮದೇ ರಸ್ತೆ ಅಂತ. ಅಲ್ಲಿ ನಂಜುಂಡಸ್ವಾಮಿ ಬರೆದದ್ದಾದರೂ ಏನು? ಗೋಡೆಯೂ ಇಲ್ಲ, ಚಿತ್ರವೂ ಇಲ್ಲ. ಗುತ್ತಿಗೆದಾರ ಮಾಡಿಟ್ಟದ್ದಕ್ಕೆ ಒಂದು ಉಡುಪು ಸೇರಿಸಿದರು, ಅಷ್ಟೆ. ಪಾಲಿಕೆ ಆ ರಸ್ತೆಗೂ ಮಣ್ಣು, ಜಲ್ಲಿ ತಂದು ಸುರಿಯಿತು.

ಹಾಗಾಗಿ ಇವರ ಶ್ರೇಷ್ಠ ಕೃತಿಗಳನ್ನು ಯಾವ ನಡಿಗೆಯಲ್ಲೂ ತೋರಿಸಲಾಗದು. ಕೃತಿ ಗೆದ್ದ ದಿನವೇ ಇಲ್ಲವಾಗುತ್ತದೆ. ನನ್ನ ಕೈಗೆ ಕೊಟ್ಟರೆ ಈ ಗುಂಡಿ ಮುಚ್ಚಿದ ಜಾಗಗಳಿಗೇ ಜನರನ್ನು ಕರೆದೊಯ್ದು ನಿಲ್ಲಿಸಿ ಕತೆ ಹೇಳುತ್ತೇನೆ. ಸೆಲ್ಫಿ ತೆಗೆಯಲು ಅಲ್ಲಿ ಏನೂ ಇರುವುದಿಲ್ಲ, ಅದು ಇನ್ನೊಂದು ಅನುಕೂಲ.

ಕೆ.ಆರ್. ಮಾರ್ಕೆಟ್ಟಿನ ಮಾತು ಬೇರೆ. ಪೂರ್ಣಿಮಾ ಸುಕುಮಾರ್ 2016ರಲ್ಲಿ ಕಟ್ಟಿದ ಅರವಾಣಿ ಆರ್ಟ್ ಪ್ರಾಜೆಕ್ಟ್ ಟ್ರಾನ್ಸ್ ಮಹಿಳೆಯರ ಕೈಗೆ ಕುಂಚ ಕೊಟ್ಟು ಮಾರುಕಟ್ಟೆಯ ಗೋಡೆಗೆ 'ನಾವು ಇದ್ದೀವಿ' ಬರೆಸಿತು. ಮಾರ್ಕೆಟ್ಟಿನ ಸುತ್ತಮುತ್ತ ದಿನವೂ ಓಡಾಡಿದರೂ ಯಾರೂ ಕಣ್ಣೆತ್ತಿ ನೋಡದಿದ್ದವರು ದಿನಗಟ್ಟಲೆ ಏಣಿಯ ಮೇಲೆ ನಿಂತು ಬಣ್ಣ ಬಳಿಯುವುದು, ಹೂವಿನ ಮೂಟೆ ಹೊತ್ತವರು ನಿಂತು ಮಾತಾಡಿಸುವುದು, ಅದೇ ಅಲ್ಲಿಯ ಕೆಲಸದ ಅರ್ಧ. ಇಂಥದ್ದನ್ನು ಗಾಜು ಕಟ್ಟಡದ ಕಂಪನಿಯೊಂದರ ಕಾಂಪೌಂಡಿಗೆ ಒಯ್ದರೆ ಬಣ್ಣ ಮಾತ್ರ ಉಳಿದೀತು.

ದಾರಿತೋರುವವರನ್ನು ಕೇಳಲೇಬೇಕಾದದ್ದು ಹಣದ, ಅನುಮತಿಯ ವಿಚಾರ. ಗೋಡೆ ಯಾರದು, ಕಾಗದಕ್ಕೆ ಸಹಿ ಹಾಕಿದವರಾರು, ಬಣ್ಣ ಕೊಟ್ಟ ಕಂಪನಿ ಚಿತ್ರದ ಯಾವ ಮೂಲೆಯಲ್ಲಿ ಕೂತಿದೆ, ಬರೆದವರ ಕೈಗೆ ಎಷ್ಟು ಬಂತು? ಸಾರ್ವಜನಿಕ ಜಾಗಗಳನ್ನು ವಿರೂಪಗೊಳಿಸದಂತೆ ತಡೆಯಲು ನಮ್ಮಲ್ಲಿ 1981ರ ಕಾಯ್ದೆಯೇ ಇದೆ. ಅನುಮತಿಯಿಲ್ಲದೆ ಬರೆದರೆ ಅಪರಾಧ. ಅನುಮತಿ ಕೊಡುವವರಿಗೆ ಯಾರ ಮನಸ್ಸೂ ನೋಯದ ಚಿತ್ರ ಬೇಕು. ನಗರದ ತುಂಬ ಇಷ್ಟೊಂದು ಚಿಟ್ಟೆ, ಗುಬ್ಬಚ್ಚಿಗಳು ಕಾಣುವುದಕ್ಕೆ ಇದೂ ಒಂದು ಕಾರಣವೆಂದು ನನ್ನ ಅನುಮಾನ.

ನಮ್ಮೂರಿನ ಗೋಡೆಗಳಿಗೆ ಇನ್ನೂ ಈ ಚಿಟ್ಟೆಗಳ ಕಾಟ ಅಷ್ಟಾಗಿ ತಗುಲಿಲ್ಲ. ಇಲ್ಲಿಯ ಗೋಡೆಗಳ ಚರಿತ್ರೆ ಪದರದಲ್ಲಿದೆ. ಚುನಾವಣೆ ಬಂತೆಂದರೆ ಚಿಹ್ನೆ ಬರೆಸುತ್ತಾರೆ, ನೀತಿಸಂಹಿತೆ ಜಾರಿಯಾದ ದಿನ ನಗರಸಭೆ, ಪಂಚಾಯಿತಿಗಳವರು ಬಂದು ಸುಣ್ಣ ಬಳಿಯುತ್ತಾರೆ. ಎರಡು ಮಳೆ ಕಳೆದರೆ ಸುಣ್ಣದಡಿಯಿಂದ ಹಳೆಯ ಹೆಸರುಗಳು ಮೆಲ್ಲಗೆ ಇಣುಕುತ್ತವೆ, ಸೋತವರವೂ ಗೆದ್ದವರವೂ ಒಂದರ ಮೇಲೊಂದು. ಅವನ್ನು ಓದಿಸಬಲ್ಲವರು ಅವನ್ನು ಬರೆದವರೇ.

ನಡಿಗೆ ಮುಗಿದು ಎಲ್ಲರೂ ಕಾಫಿಗೆ ಕುಳಿತಾಗ ನಾನು ಇದನ್ನು ಆ ಹುಡುಗಿಗೆ ಹೇಳಿದೆ. ಅವಳು ನಮ್ಮ ಆರ್ಟಿಸ್ಟ್ ಕಡೆ ತಿರುಗಿ, "ಮುಂದಿನ ಗೋಡೆಗೆ ಕನ್ನಡ ಅಕ್ಷರ ನೀವೇ ಬರ್ಕೊಡ್ತೀರಾ ಅಂಕಲ್?" ಎಂದು ಕೇಳಿದಳು. ಅವರು ಲೋಟ ಕೆಳಗಿಟ್ಟು, "ಚದರಡಿಗೆ ಎಷ್ಟು ಕೊಡ್ತೀರವ್ವಾ?" ಎಂದರು. ಅವಳು ಲೆಕ್ಕ ಹಾಕಿ ಒಂದು ಮೊತ್ತ ಹೇಳಿದಳು. ಇವರು, "ಪ್ರೈಮರ್ ಎರಡು ಕೋಟು ನಿಮ್ಮ ಖರ್ಚು, ಏಣಿನೂ ನಿಮ್ದೇ" ಎಂದು ಚೌಕಾಸಿಗೆ ಇಳಿದರು.