ಅನ್ನಪಾನನಿರೋಧವೂ ಒಂದು ರೆಜಿಮೆಂಟಿನ ಇತಿಹಾಸವೂ

ಯುದ್ಧವನ್ನು ಕುರಿತ ಧಾರ್ಮಿಕ ಚರ್ಚೆ ಸಾಮಾನ್ಯವಾಗಿ ಒಂದೇ ಪ್ರಶ್ನೆಯಿಂದ ಆರಂಭವಾಗಿ ಅಲ್ಲಿಯೇ ಮುಗಿಯುತ್ತದೆ. ಕೊಲ್ಲುವುದು ಎಂದಾದರೂ ಸಮರ್ಥನೀಯವೇ ಎಂಬುದೇ ಆ ಪ್ರಶ್ನೆ. ಶ್ರಾವಕಾಚಾರದ ಪರಂಪರೆಯು ಹಿಂಸೆಯನ್ನು ಸಂಕಲ್ಪಿ, ಆರಂಭಿ, ಉದ್ಯೋಗಿ, ವಿರೋಧಿ ಎಂದು ನಾಲ್ಕು ಬಗೆಯಾಗಿ ವಿಂಗಡಿಸಿದೆ. ಗೃಹಸ್ಥನಿಗೆ ಸಂಕಲ್ಪಿ ಹಿಂಸೆ ಸರ್ವಥಾ ವರ್ಜ್ಯ. ಆತ್ಮರಕ್ಷಣೆ, ದೇಶರಕ್ಷಣೆಗಳಲ್ಲಿ ಒದಗುವ ವಿರೋಧಿ ಹಿಂಸೆ ಅವನಿಗೆ ಪೂರ್ಣವಾಗಿ ತಪ್ಪಿಸಲಾಗದ್ದು. ಇಷ್ಟು ಹೇಳಿದರೆ ಎಲ್ಲವನ್ನೂ ಹೇಳಿದಂತಾಯಿತೆಂದು ಭಾವಿಸುವವರೇ ಹೆಚ್ಚು. ಆದರೆ ಇದರ ಹಿಂದೆಯೇ ಎರಡನೆಯ ಪ್ರಶ್ನೆಯೊಂದಿದೆ. ರಕ್ಷಣೆಯ ಹೆಸರಿನಲ್ಲಿ ಸೈನಿಕನನ್ನು ಕಳುಹಿಸಿದವರು ಆ ಸೈನಿಕನನ್ನು ಹೇಗೆ ನಡೆಸಿಕೊಂಡರು? ಈ ಪ್ರಶ್ನೆಯನ್ನು ಅಮೆರಿಕದ ಸ್ವಾತಂತ್ರ್ಯ ಯುದ್ಧದ ಸಾಮಾನ್ಯ ಸಿಪಾಯಿಯೊಬ್ಬನು ಎತ್ತಿದಷ್ಟು ನೇರವಾಗಿ ಎತ್ತಿದವರು ವಿರಳ.

ಆ ಸಿಪಾಯಿಯ ಹೆಸರು ಜೋಸೆಫ್ ಪ್ಲಂಬ್ ಮಾರ್ಟಿನ್. ಜನನ 1760. ಕನೆಕ್ಟಿಕಟ್ ಪ್ರಾಂತದಲ್ಲಿ ಅಜ್ಜ ಅಜ್ಜಿಯರ ಆಶ್ರಯದಲ್ಲಿ ಬೆಳೆದ ಅವನು 1776ರಲ್ಲಿ, ಹದಿನಾರು ತುಂಬುವ ಮೊದಲೇ ಸೈನ್ಯ ಸೇರಿದನು. ಮರುವರ್ಷ ಯುದ್ಧ ಮುಗಿಯುವವರೆಗಿನ ಕರಾರಿನ ಮೇಲೆ 8ನೆಯ ಕನೆಕ್ಟಿಕಟ್ ರೆಜಿಮೆಂಟಿಗೆ ಸೇರಿ, 1780ರಲ್ಲಿ ಕಂದಕ ತೋಡುವ ಸುರಂಗ ದಳಕ್ಕೆ ವರ್ಗವಾಗಿ, 1783ರಲ್ಲಿ ಬಿಡುಗಡೆ ಹೊಂದಿದನು. ತನ್ನ ಎಪ್ಪತ್ತನೆಯ ವಯಸ್ಸಿನಲ್ಲಿ, 1830ರಲ್ಲಿ, ಮೇನ್ ರಾಜ್ಯದ ಹ್ಯಾಲೊವೆಲ್ ಎಂಬ ಊರಿನಲ್ಲಿ ಹೆಸರು ಹಾಕದೆ ಈ ಕಥನವನ್ನು ಅಚ್ಚು ಮಾಡಿಸಿದನು. 1962ರಲ್ಲಿ ಜಾರ್ಜ್ ಶೀರ್ ಎಂಬ ಸಂಪಾದಕರು ಹೊಸದಾಗಿ ಪ್ರಕಟಿಸಿದ ನಂತರವೇ ಅದು ವ್ಯಾಪಕವಾಗಿ ಓದುಗರ ಕೈ ಸೇರಿತು.

ರೆಜಿಮೆಂಟಿನ ಇತಿಹಾಸವೆಂದರೆ ಸಾಮಾನ್ಯವಾಗಿ ಅದರ ಸ್ಥಾಪನೆಯ ದಿನ, ಸೇನಾನಿಗಳ ಹೆಸರು, ಹೋರಾಡಿದ ರಣಭೂಮಿ, ವಿಲೀನ, ವಿಸರ್ಜನೆ. ಅಮೆರಿಕದ ಸೇನಾ ಇತಿಹಾಸ ವಿಭಾಗವು 1983ರಲ್ಲಿ ಪ್ರಕಟಿಸಿದ ರಾಬರ್ಟ್ ರೈಟ್ ಅವರ ಬೃಹದ್ಗ್ರಂಥ ಈ ಬಗೆಯಲ್ಲಿ ಪ್ರಮಾಣಭೂತವಾದುದು. ಅದರ ಶ್ರಮವನ್ನು ಯಾರೂ ಅಲ್ಲಗಳೆಯಲಾರರು. 1776ರ ಸೆಪ್ಟೆಂಬರಿನಲ್ಲಿ ಕಾಂಗ್ರೆಸ್ಸು 88 ರೆಜಿಮೆಂಟುಗಳನ್ನು ಕಟ್ಟಲು ನಿರ್ಣಯಿಸಿತು. ಒಂದೊಂದರಲ್ಲಿ ಅಧಿಕಾರಿಗಳೂ ಸೇರಿ 728 ಜನ. ಸಾಮಾನ್ಯ ಸಿಪಾಯಿಗೆ ತಿಂಗಳಿಗೆ 6⅔ ಡಾಲರ್ ಸಂಬಳ, ಸೇರುವಾಗ 20 ಡಾಲರ್ ಇನಾಮು, ಯುದ್ಧಾನಂತರ 100 ಎಕರೆ ಭೂಮಿ. ಕರ್ನಲ್ಲನಿಗೆ 500 ಎಕರೆ. ಕಾಗದದ ಮೇಲೆ ಇದೊಂದು ಅಚ್ಚುಕಟ್ಟಾದ ಕರಾರು. ಮಾರ್ಟಿನ್ನನ ಕಥನವು ಆ ಕರಾರಿನ ಇನ್ನೊಂದು ಬದಿಯ ಖಾತೆ. ಅದರ ನಿಜವಾದ ವಸ್ತು ಯುದ್ಧವಲ್ಲ, ಹಸಿವು.

ಅವನು ಎರಡನೆಯ ಬಾರಿ ಸೇರಿದ ಬಗೆಯೇ ವಿಚಾರಾರ್ಹವಾದುದು. ಊರಿನ ಗಂಡಸರನ್ನು ಗುಂಪುಗಳಾಗಿ ವಿಭಾಗಿಸಿ, ಗುಂಪಿಗೊಬ್ಬನಂತೆ ಸೈನಿಕನನ್ನು ಒದಗಿಸಬೇಕೆಂದು ಗೊತ್ತುಪಡಿಸಲಾಗಿತ್ತು. ಒಂದು ಗುಂಪಿನವರು ಹಣ ಕೂಡಿಸಿ ಮಾರ್ಟಿನ್ನನನ್ನು ತಮ್ಮ ಪರವಾಗಿ ಗೊತ್ತುಮಾಡಿದರು. ಹೋಗುವುದು ಹೇಗೂ ತಪ್ಪದೆಂದಾದರೆ ತನ್ನ ಚರ್ಮಕ್ಕೆ ದೊರೆಯುವಷ್ಟು ಬೆಲೆಯನ್ನಾದರೂ ಪಡೆಯೋಣವೆಂದು ಆ ಹುಡುಗನು ಯೋಚಿಸಿದನು. ಕೃತ, ಕಾರಿತ, ಅನುಮೋದನ ಎಂಬ ತ್ರಿವಿಧವನ್ನು ಬಲ್ಲ ಓದುಗನಿಗೆ ಇಲ್ಲಿ ವ್ಯಾಖ್ಯಾನ ಬೇಕಿಲ್ಲ. ಹಣ ಕೊಟ್ಟು ಮನೆಯಲ್ಲಿ ಉಳಿದವರೂ ಆ ಯುದ್ಧದ ಕರ್ತೃಗಳೇ.

1777ರ ಡಿಸೆಂಬರಿನಲ್ಲಿ ಕೃತಜ್ಞತಾ ದಿನವನ್ನು ಆಚರಿಸಬೇಕೆಂದು ಕಾಂಗ್ರೆಸ್ಸು ಆಜ್ಞಾಪಿಸಿತ್ತು. ಎರಡು ಮೂರು ದಿನ ಉಪವಾಸವಿದ್ದ ಸಿಪಾಯಿಗಳಿಗೆ ಆ ಹಬ್ಬಕ್ಕಾಗಿ ದೊರೆತದ್ದು ತಲೆಗೊಂದು ಸಣ್ಣ ಹಿಡಿಯಷ್ಟು ಅಕ್ಕಿ ಮತ್ತು ಒಂದು ಚಮಚ ವಿನೆಗರ್. ಮಾರ್ಟಿನ್ನನು ಇದನ್ನು ಹೇಳುವಾಗ ಆಕ್ರೋಶಪಡುವುದಿಲ್ಲ. ಔದಾರ್ಯವನ್ನು ಹೊಗಳುವ ಧಾಟಿಯಲ್ಲಿಯೇ ಅಳತೆಯನ್ನು ಹೇಳಿಬಿಡುತ್ತಾನೆ. ಈ ಸಂಯಮದ ವ್ಯಂಗ್ಯವೇ ಅವನ ಬರವಣಿಗೆಯ ಶಕ್ತಿ. 1780ರ ಜನವರಿಯಲ್ಲಿ ಮಾರಿಸ್‌ಟೌನ್ ಪಾಳೆಯದ ಹಿಮದಲ್ಲಿ ನಾಲ್ಕು ಹಗಲು ನಾಲ್ಕು ರಾತ್ರಿ ಅವನು ಬರ್ಚ್ ಮರದ ತೊಗಟೆಯ ಹೊರತು ಏನನ್ನೂ ತಿನ್ನಲಿಲ್ಲ. ಕೆಲವರು ತಮ್ಮ ಹಳೆಯ ಬೂಟುಗಳನ್ನು ಸುಟ್ಟು ತಿಂದದ್ದನ್ನು ಕಂಡನು. ಅದೇ ವರ್ಷ ಮೇ 25ರಂದು, ಹಸಿವು ತಡೆಯಲಾರದೆ ಅವನ ರೆಜಿಮೆಂಟು ಶಸ್ತ್ರ ಹಿಡಿದು ಪ್ರತಿಭಟಿಸಿತು. ದೇಶವನ್ನು ಬಿಡಲೂ ಮನಸ್ಸಿಲ್ಲ, ಹಸಿವಿನಿಂದ ಸಾಯಲೂ ಮನಸ್ಸಿಲ್ಲ ಎಂಬ ಇಬ್ಬಂದಿಯನ್ನು ಅವನು ಯಾವ ಸಮರ್ಥನೆಯೂ ಇಲ್ಲದೆ ನಿರೂಪಿಸಿದ್ದಾನೆ.

ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಅಹಿಂಸಾಣುವ್ರತಕ್ಕೆ ಐದು ಅತಿಚಾರಗಳು ಹೇಳಲ್ಪಟ್ಟಿವೆ. ಅವುಗಳಲ್ಲಿ ಕೊನೆಯ ಎರಡು ಅತಿಭಾರಾರೋಪಣ ಮತ್ತು ಅನ್ನಪಾನನಿರೋಧ: ಶಕ್ತಿಮೀರಿ ಹೊರೆ ಹೊರಿಸುವುದು, ಆಶ್ರಿತರಿಗೆ ಅನ್ನನೀರು ತಪ್ಪಿಸುವುದು. ಇವನ್ನು ಎತ್ತು, ಕುದುರೆ, ಆಳುಗಳ ವಿಷಯದಲ್ಲಿ ಗೃಹಸ್ಥನು ಪಾಲಿಸಬೇಕಾದ ಸಣ್ಣ ನಿಯಮಗಳೆಂದು ಓದುವುದು ರೂಢಿ. ಸೈನ್ಯವೂ ಒಂದು ರಾಷ್ಟ್ರದ ಆಶ್ರಿತವರ್ಗವೆಂದು ಪರಿಗಣಿಸಿದರೆ ಈ ಎರಡು ಶಬ್ದಗಳ ವ್ಯಾಪ್ತಿ ತಿಳಿಯುತ್ತದೆ. ಬಿಡುಗಡೆಯಾದ ಸಿಪಾಯಿಗಳನ್ನು ಮಾರ್ಟಿನ್ನನೇ ಮೇವಿನ ಜಾಗವನ್ನೂ ಕೊಡದೆ ಹೊರಗಟ್ಟಿದ ಮುದಿ ಕುದುರೆಗಳಿಗೆ ಹೋಲಿಸಿದ್ದಾನೆ. ಸೂತ್ರವನ್ನು ಕೇಳಿಯೂ ಇರದ ಆ ಸಿಪಾಯಿ ಅದರ ಮರ್ಮವನ್ನು ಮುಟ್ಟಿದ್ದಾನೆ. ಯುದ್ಧವು ವಿರೋಧಿ ಹಿಂಸೆಯೆಂದು ಒಪ್ಪಿಕೊಂಡರೂ ಈ ಹಿಂಸೆಗೆ ಆ ರಿಯಾಯಿತಿ ಸಲ್ಲದು. ಏಕೆಂದರೆ ಇದನ್ನು ಎಸಗಿದ್ದು ವೈರಿಯ ಮೇಲಲ್ಲ.

ಕೊಲ್ಲುವ ವಿಷಯದಲ್ಲಿಯೂ ಗ್ರಂಥವು ಮೌನವಾಗಿಲ್ಲ. 1778ರ ಜೂನ್ 28ರಂದು ಮನ್‌ಮತ್ ಕಾಳಗದಲ್ಲಿ ಹಿಮ್ಮೆಟ್ಟುತ್ತಿದ್ದ ಶತ್ರುವೊಬ್ಬನಿಗೆ ಮಾರ್ಟಿನ್ನನು ಬೇಟೆಯ ಮೃಗಕ್ಕೆ ಇಡುವಂತೆ ಗುರಿಯಿಟ್ಟನು. ಹೊಗೆಯಲ್ಲಿ ಫಲಿತಾಂಶ ಕಾಣಲಿಲ್ಲ. ಅವನು ಸಾಯಲಿಲ್ಲವೆಂದೇ ತನ್ನ ಆಸೆ, ಆದರೆ ಆ ಕ್ಷಣದಲ್ಲಿ ಕೊಲ್ಲುವ ಉದ್ದೇಶವಂತೂ ಇತ್ತು ಎಂದು ಐವತ್ತು ವರ್ಷಗಳ ಮೇಲೆ ಒಪ್ಪಿಕೊಳ್ಳುತ್ತಾನೆ. ಗುಂಡು ತಪ್ಪಿದ್ದರೆ ದ್ರವ್ಯಹಿಂಸೆ ಆಗಿರಲಾರದು. ಭಾವಹಿಂಸೆ ಮಾತ್ರ ಪೂರ್ಣವಾಗಿಯೇ ಆಗಿತ್ತು. ಈ ಭೇದವನ್ನು ಯಾವ ಶಾಸ್ತ್ರದ ನೆರವೂ ಇಲ್ಲದೆ ಕಂಡುಕೊಂಡು, ತನ್ನ ಮೇಲೆಯೇ ಅನ್ವಯಿಸಿಕೊಂಡ ಈ ಪ್ರಸಂಗವು ಆಲೋಚನೆಯ, ಎಂದರೆ ದೋಷನಿವೇದನೆಯ, ಉತ್ತಮ ನಿದರ್ಶನ.

ಗ್ರಂಥದಲ್ಲಿ ದೋಷಗಳಿಲ್ಲವೆಂದಲ್ಲ. ಅರ್ಧ ಶತಮಾನದ ನೆನಪನ್ನು ಆಧರಿಸಿದ ಬರಹವಾದ್ದರಿಂದ ಸಂಭಾಷಣೆಗಳನ್ನು ಅಕ್ಷರಶಃ ನಂಬಲಾಗದು. ಅದಕ್ಕಿಂತ ಗಂಭೀರವಾದುದು ಮತ್ತೊಂದು ದೋಷ. 1781ರ ಅಕ್ಟೋಬರಿನಲ್ಲಿ ಯಾರ್ಕ್‌ಟೌನ್‌ನಲ್ಲಿ ಶರಣಾದ ಕಾರ್ನ್‌ವಾಲಿಸ್ (ಮುಂದೆ 1792ರಲ್ಲಿ ಶ್ರೀರಂಗಪಟ್ಟಣವನ್ನು ಮುತ್ತಿದವನೂ ಇವನೇ) ತನ್ನನ್ನು ನಂಬಿ ಬಂದಿದ್ದ ಕಪ್ಪು ಗುಲಾಮರನ್ನು ಮುತ್ತಿಗೆಯ ಕಾಲದಲ್ಲಿ ಹೊರಗಟ್ಟಿದ್ದನು. ಕಾಡಿನಲ್ಲಿ ಸಿಡುಬಿನಿಂದ ಸತ್ತು ಬಿದ್ದಿದ್ದ ಅವರನ್ನು ಮಾರ್ಟಿನ್ನನು ಮರುಕದಿಂದಲೇ ವರ್ಣಿಸಿದ್ದಾನೆ. ಆದರೆ ಬದುಕುಳಿದವರನ್ನು ಹಿಡಿದು ಒಡೆಯರಿಗೆ ಒಪ್ಪಿಸುವ ಕೆಲಸದಲ್ಲಿ ತಾನೂ ಪಾಲ್ಗೊಂಡದ್ದನ್ನು ಹೇಳುವಾಗ ಅವನ ಗಮನವೆಲ್ಲ ದೊರೆತ ಕೂಲಿಯ ಮೇಲಿದೆ. ಆ ಕೂಲಿ 1200 ಕಾಗದದ ಡಾಲರ್. ಅದಕ್ಕೆ ಬಂದದ್ದು ಒಂದು ಕ್ವಾರ್ಟ್ ರಮ್ಮು. ಹಣದ ಬೆಲೆ ಬಿದ್ದುದನ್ನು ಇಷ್ಟು ಚೆನ್ನಾಗಿ ಕಂಡವನು ಮಾರಲ್ಪಡುವ ಮನುಷ್ಯರ ದುಃಖದ ಎದುರು ನಿಲ್ಲದೆ ಮುಂದೆ ಸಾಗುತ್ತಾನೆ. ತನ್ನ ಹಸಿವು ಪರರ ಬಂಧನವನ್ನು ಕಾಣಲು ಕಣ್ಣು ತೆರೆಸಲಿಲ್ಲವೆಂಬುದು ಈ ಕೃತಿಯ ಕೊರತೆ.

ಇನ್ನು ಲೆಕ್ಕದ ಮಾತು. 1777ರ ಆಗಸ್ಟಿನ ನಂತರ ಸಂಬಳ ನಿಂತೇಹೋಯಿತು. 1780ರ ಮಾರ್ಚಿನಲ್ಲಿ ಕಾಂಗ್ರೆಸ್ಸೇ ತನ್ನ ನೋಟುಗಳ ಬೆಲೆಯನ್ನು ನಲವತ್ತರಲ್ಲಿ ಒಂದು ಭಾಗಕ್ಕೆ ಇಳಿಸಿತು. 1781ರಲ್ಲಿ ವರ್ಜೀನಿಯಕ್ಕೆ ಹೊರಟಾಗ ಒಂದು ತಿಂಗಳ ಸಂಬಳ ನಾಣ್ಯದಲ್ಲಿ ದೊರೆಯಿತು; ಅದೂ ಫ್ರೆಂಚರಿಂದ ತಂದ ಸಾಲ. ಬಿಡುಗಡೆಯ ವೇಳೆ ಬಾಕಿಗೆ ಬದಲಾಗಿ ಸರ್ಕಾರ ಸಾಲಪತ್ರಗಳನ್ನು ಕೊಟ್ಟಿತು. ಮೈಮೇಲಿನ ಬಟ್ಟೆಗೂ ಗತಿಯಿಲ್ಲದ ಸಿಪಾಯಿಗಳು ಅವನ್ನು ಮುಖಬೆಲೆಯ ಅಲ್ಪಾಂಶಕ್ಕೆ ಮಾರಿದರು. ಮಾರ್ಟಿನ್ನನೂ ಕೆಲವನ್ನು ಮಾರಿದನು. ಕೊಂಡವರು ವರ್ತಕರು. 1790ರಲ್ಲಿ ಖಜಾನೆ ಕಾರ್ಯದರ್ಶಿ ಹ್ಯಾಮಿಲ್ಟನ್ನರ ಯೋಜನೆಯಂತೆ ಸಾಲವನ್ನು ತೀರಿಸುವಾಗ, ಮೂಲ ಸಿಪಾಯಿಗಳಿಗೂ ಒಂದು ಪಾಲು ಸಲ್ಲಬೇಕೆಂದು ಜೇಮ್ಸ್ ಮ್ಯಾಡಿಸನ್ ಸೂಚಿಸಿದರು. ಸಭೆ ಆ ಸೂಚನೆಯನ್ನು ತಿರಸ್ಕರಿಸಿತು. ಪತ್ರ ಯಾರ ಕೈಯಲ್ಲಿತ್ತೋ ಅವರಿಗೇ ಹಣ ಸಂದಿತು.

ವ್ಯಾಪಾರನ್ಯಾಯದ ದೃಷ್ಟಿಯಿಂದ ಆ ವರ್ತಕರು ಮಾಡಿದ್ದರಲ್ಲಿ ತಪ್ಪೇನು? ಮಾರುವವನು ಒಪ್ಪಿ ಮಾರಿದನು, ಕೊಳ್ಳುವವನು ಹಣ ಕೊಟ್ಟನು, ಸರ್ಕಾರ ತೀರಿಸುವುದೋ ಇಲ್ಲವೋ ಎಂಬ ಅಪಾಯವನ್ನು ತಾನೇ ಹೊತ್ತನು. ತೂಕದಲ್ಲಿ ಮೋಸವಿಲ್ಲ, ಪತ್ರ ಖೋಟಾ ಅಲ್ಲ. ಈ ವಾದದಲ್ಲಿ ಹುರುಳಿದೆ. ಹ್ಯಾಮಿಲ್ಟನ್ನರೂ ರಾಷ್ಟ್ರದ ಪತ್ರದ ವಿಶ್ವಾಸಾರ್ಹತೆಗಾಗಿಯೇ ಹಾಗೆ ವಾದಿಸಿದರು. ಆದರೆ ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ವಿರುದ್ಧರಾಜ್ಯಾತಿಕ್ರಮ ಎಂಬುದೊಂದಿದೆ. ರಾಜ್ಯವ್ಯವಸ್ಥೆ ಕದಡಿದ ಸಮಯದಲ್ಲಿ ಬೆಲೆಬಾಳುವ ವಸ್ತುಗಳನ್ನು ಅಲ್ಪಮೂಲ್ಯಕ್ಕೆ ಪಡೆಯುವ ಪ್ರಯತ್ನವೇ ಅದು ಎಂದು ಪೂಜ್ಯಪಾದಾಚಾರ್ಯರು ಸರ್ವಾರ್ಥಸಿದ್ಧಿಯಲ್ಲಿ ವಿವರಿಸಿದ್ದಾರೆ. ಒಪ್ಪಿಗೆ ಇದ್ದಿತೇ ಎಂಬುದಷ್ಟೇ ಅಲ್ಲ, ಆ ಒಪ್ಪಿಗೆ ಯಾವ ಸಂಕಟದಿಂದ ಹುಟ್ಟಿತು ಎಂಬುದೂ ವ್ರತಿಕನಾದ ವರ್ತಕನು ಕೇಳಿಕೊಳ್ಳಬೇಕಾದ ಪ್ರಶ್ನೆ. ಅಗ್ಗದಲ್ಲಿ ಕೊಂಡದ್ದು ಎಂದೂ ದೋಷವಲ್ಲ ಎಂಬ ಅಂಗಡಿಯ ನಂಬಿಕೆಗೆ ಆಚಾರ್ಯರ ಈ ವಾಕ್ಯ ಎದುರಾಗಿ ನಿಲ್ಲುತ್ತದೆ.

ಮಾರ್ಟಿನ್ನನಿಗೆ ಭರವಸೆಯ ಭೂಮಿ ದಕ್ಕಲಿಲ್ಲ. ಮೇನ್ ಪ್ರಾಂತದಲ್ಲಿ ಅವನು ನೆಲೆಸಿ ಉಳುತ್ತಿದ್ದ ನೆಲವು ತನ್ನದೆಂದು, ಅದೇ ಯುದ್ಧದಲ್ಲಿ ಸೇನಾಪತಿಯಾಗಿದ್ದ ಹೆನ್ರಿ ನಾಕ್ಸ್ ಹಕ್ಕು ಸಾಧಿಸಿದನು. ಬೆಲೆ ತೆರಲು ಮಾರ್ಟಿನ್ನನಿಗೆ ಆಗಲಿಲ್ಲ. 1818ರ ಕಾನೂನಿನಂತೆ ನಿರ್ಗತಿಕನೆಂದು ಪ್ರಮಾಣ ಮಾಡಿದ ಮೇಲೆ ತಿಂಗಳಿಗೆ 8 ಡಾಲರ್ ಪಿಂಚಣಿ ದೊರೆಯಿತು. ಅದಕ್ಕೂ ಹೊಟ್ಟೆಕಿಚ್ಚುಪಟ್ಟವರಿಗೆ ಗ್ರಂಥದ ಕೊನೆಯ ಪುಟಗಳಲ್ಲಿ ಅವನು ಕಟುವಾಗಿಯೇ ಉತ್ತರಿಸಿದ್ದಾನೆ. 1850ರಲ್ಲಿ ತೀರಿಕೊಂಡನು.

ಫಿಲಡೆಲ್ಫಿಯದ ಬಳಿಯ ಮಿಫ್ಲಿನ್ ಕೋಟೆಯಲ್ಲಿ 1777ರಲ್ಲಿ ತಾನು ಅನುಭವಿಸಿದ ಘೋರವನ್ನು ಇತಿಹಾಸಕಾರರು ಏಕೆ ಕೈಬಿಟ್ಟರೆಂದರೆ, ಅಲ್ಲಿ ಪ್ರಸಿದ್ಧನಾದ ಸೇನಾಪತಿ ಯಾರೂ ಇರಲಿಲ್ಲ ಎಂದು ಮಾರ್ಟಿನ್ನನು ಒಂದೆಡೆ ಹೇಳಿದ್ದಾನೆ. 1781ರ ಆರಂಭದಲ್ಲಿ ಕನೆಕ್ಟಿಕಟ್ಟಿನ ಎಂಟು ರೆಜಿಮೆಂಟುಗಳು ಐದಾದಾಗ ಅವನ ರೆಜಿಮೆಂಟಿನ ಸಂಖ್ಯೆಯೂ ಪಟ್ಟಿಯಿಂದ ಅಳಿಯಿತು. ಪಟ್ಟಿಯ ಇತಿಹಾಸಕ್ಕೆ ಅದು ಒಂದು ವಿಲೀನ ಮಾತ್ರ. ಸಲ್ಲದೆ ಉಳಿದ ಬಾಕಿಯ ಇತಿಹಾಸ ಈ ಸಿಪಾಯಿಯ ಪುಸ್ತಕದಲ್ಲಿದೆ. ಅಹಿಂಸೆಯನ್ನು ಕೊಲ್ಲದಿರುವುದಕ್ಕಷ್ಟೇ ಸೀಮಿತಗೊಳಿಸಿ ಓದುವವರು ಇದನ್ನು ಒಮ್ಮೆ ಓದುವುದು ಉಚಿತ. ತನ್ನ ಆಳಿನ ಊಟದ ಹೊತ್ತು ಮೀರಿತೇ, ಅವನ ಸಂಬಳ ನಿಂತಿದೆಯೇ ಎಂದು ವಿಚಾರಿಸುವುದೂ ಆ ವ್ರತದ ಭಾಗವೇ ಆಗಿದೆ.