ಸಹ್ಯಾದ್ರಿಯ ಮಳೆಕಾಡಿನಲ್ಲಿ ಆಯ್ದ ಕಟಾವು

ಪಶ್ಚಿಮಘಟ್ಟದ ನಿತ್ಯಹರಿದ್ವರ್ಣ ಕಾಡಿನಿಂದ ನಾಟಾ ತೆಗೆಯಲು ಅರಣ್ಯ ಇಲಾಖೆ ದಶಕಗಳ ಕಾಲ ನೆಚ್ಚಿಕೊಂಡಿದ್ದ ಕ್ರಮ ಆಯ್ದ ಕಟಾವು. ಇಡೀ ಕಾಡನ್ನು ಬೋಳಿಸದೆ, ನಿಗದಿತ ಸುತ್ತಳತೆ ಮೀರಿದ ಮರಗಳಿಗಷ್ಟೇ ಗುರುತು ಹಾಕಿ ಕಡಿಯುವುದು, ಆಮೇಲೆ ಕಟಾವಾದ ಆ ಕಾಡಿನ ತುಂಡಿಗೆ, ಅಂದರೆ ಕೂಪಿಗೆ, ಹಲವು ವರ್ಷ ಕೊಡಲಿ ತಾಗಿಸದಿರುವುದು. ಅಷ್ಟರಲ್ಲಿ ಎಳೆಯ ಮರಗಳು ಬಲಿತು ತೆರವನ್ನು ತುಂಬುತ್ತವೆ ಎಂಬುದು ಲೆಕ್ಕ. ಬ್ರಿಟಿಷರ ಕಾಲದ ರೈಲ್ವೆ ಸ್ಲೀಪರು, ಎರಡನೇ ಮಹಾಯುದ್ಧದ ಬೇಡಿಕೆ, ಸ್ವಾತಂತ್ರ್ಯಾನಂತರದ ಪ್ಲೈವುಡ್ ಕಾರ್ಖಾನೆ ಹೀಗೆ ಕಾರಣಗಳು ಬದಲಾದವು, ಲೆಕ್ಕ ಬದಲಾಗಲಿಲ್ಲ.

ಬೋಳುಕಡಿತದ ಎದುರು ಇಟ್ಟು ನೋಡಿದರೆ ಇದು ವಿವೇಕದ ಕ್ರಮವೇ. ಆದರೆ ಮಳೆಕಾಡು ನಿಂತಿರುವುದು ನೆರಳು ಮತ್ತು ತೇವದ ಮೇಲೆ. ಆಯ್ದ ಕಟಾವು ಅಳೆದದ್ದು ಮರವನ್ನು ಮಾತ್ರ. ಉದಾಹರಣೆಗೆ ಪ್ಲೈವುಡ್ಡಿಗೆ ಬೇಡಿಕೆಯಿದ್ದ ಧೂಪದ ಮರವನ್ನೇ ತೆಗೆದುಕೊಳ್ಳಬಹುದು. ಅದರ ಬೀಜ ಮುಂಗಾರಿನ ಆಸುಪಾಸಿನಲ್ಲಿ ಉದುರಿ, ಹಸಿ ನೆಲ ಸಿಕ್ಕರೆ ಬೇಗನೆ ಮೊಳೆಯುತ್ತದೆ, ಒಣಗಿದರೆ ಸಾಯುತ್ತದೆ. ಕೂಡಿಟ್ಟು ಮುಂದಿನ ವರ್ಷ ಬಿತ್ತುವಂತಿಲ್ಲ. ಸಸಿ ನೆರಳಲ್ಲೇ ನಿಧಾನವಾಗಿ ಏಳಬೇಕು. ಗುರುತು ಬೀಳುವುದಾದರೋ ಬೀಜ ಕೊಡುವ ಹೆಮ್ಮರಕ್ಕೇ. ಅದು ಉರುಳುವಾಗ ಬಳ್ಳಿ ಸಮೇತ ಅಕ್ಕಪಕ್ಕದ ಮರಗಳನ್ನೂ ಮುರಿಯುತ್ತದೆ. ದಿಮ್ಮಿ ಎಳೆದ ಜಾಡು, ಲಾರಿ ದಾರಿ ಸಸಿಗಳನ್ನು ಹೊಸಕುತ್ತವೆ. ಬಿಸಿಲು ಬಿದ್ದ ಜಾಗದಲ್ಲಿ ಮೊದಲು ಮೇಲೇಳುವುದು ಚಂದಕಲು ಮರ, ಯುಪಟೋರಿಯಂ ಕಳೆ. ಬೇಸಿಗೆಯಲ್ಲಿ ಒಣಗಿದ ಕಳೆಗೆ ಬೆಂಕಿ ತಗಲಿದರೆ ಉಳಿದ ಸಸಿಯೂ ಹೋಯಿತು. ಕಡಿದ ಮರಗಳ ಪಟ್ಟಿಯಲ್ಲಿ ಇದಾವುದೂ ಸೇರುತ್ತಿರಲಿಲ್ಲ. ಈ ಪದ್ಧತಿಯ ಮುಖ್ಯ ಸೋಲು ಇಲ್ಲಿದೆ.

ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7,000 ಮಿ.ಮೀ.ಗೂ ಮೀರಿ ಮಳೆ ಸುರಿಯುತ್ತದೆ. ಇಂಥ ಸೀಮೆಯಲ್ಲಿ ಮರದ ನೆತ್ತಿ ಮತ್ತು ದರಕಿನ ಹೊದಿಕೆ ಹೋದರೆ ಮೇಲ್ಮಣ್ಣು ಕೊಚ್ಚಿಹೋಗುತ್ತದೆ, ನೀರು ಇಂಗದೆ ಹರಿದುಬಿಡುತ್ತದೆ, ಬೇಸಿಗೆಯಲ್ಲಿ ಹಳ್ಳ ಬತ್ತುತ್ತದೆ. ಅಡಿಕೆ ತೋಟಕ್ಕೆ ಬೆಟ್ಟದ ಸೊಪ್ಪು, ಹಳ್ಳದ ನೀರು ಎರಡೂ ಬೇಕು; ಆದ್ದರಿಂದ ಪೆಟ್ಟು ಮೊದಲು ತಿಳಿದದ್ದು ಕಾಡಂಚಿನ ಕೃಷಿಕರಿಗೆ. 1983ರ ಸೆಪ್ಟೆಂಬರಿನಲ್ಲಿ ಸಿರಸಿ ತಾಲ್ಲೂಕಿನ ಸಾಲ್ಕಣಿಯ ಜನ ಮರಗಳನ್ನು ಅಪ್ಪಿ ನಿಂತರು. ಗುರುತಿನ ಮರದ ಜೊತೆಗೆ ಗುರುತಿಲ್ಲದವು ಎಷ್ಟು ನೆಲಕ್ಕುರುಳುತ್ತವೆ ಎಂಬ ಪ್ರಶ್ನೆಯನ್ನು ಅವರು ಎತ್ತಿದ್ದು ಹೀಗೆ ಶುರುವಾದ ಅಪ್ಪಿಕೋ ಚಳವಳಿಯ ದೊಡ್ಡ ಕೊಡುಗೆ. ಇಲಾಖೆಯ ವಿಜ್ಞಾನ ಕೇಳಿಕೊಳ್ಳಬೇಕಿದ್ದ ಪ್ರಶ್ನೆ ಅದು. 1988ರ ರಾಷ್ಟ್ರೀಯ ಅರಣ್ಯ ನೀತಿ ಮಳೆಕಾಡುಗಳಿಗೆ ಸಂಪೂರ್ಣ ರಕ್ಷಣೆ ಬೇಕೆಂದಿತು.

ಅಳತೆಯ ದೋಷ ಮಾತ್ರ ಇನ್ನೂ ಸರಿಹೋಗಿಲ್ಲ. ಒಂದು ಹೆಕ್ಟೇರಿನಲ್ಲಿ ಶೇ. 10ರಷ್ಟು ಮರದ ನೆತ್ತಿ ಕಂಡರೆ, ಮರ ಯಾವ ಜಾತಿಯದೇ ಇರಲಿ, ಭಾರತದ ಅರಣ್ಯ ಸಮೀಕ್ಷೆ ಅದನ್ನು ಅರಣ್ಯ ಹೊದಿಕೆಗೆ ಸೇರಿಸುತ್ತದೆ. ಮಲೆನಾಡಿನಲ್ಲಿ ನೆಟ್ಟ ಅಕೇಶಿಯಾ ತೋಪೂ ಹೀಗೆ ಲೆಕ್ಕ ತುಂಬುತ್ತದೆ. ಮಳೆಕಾಡಿನ ಕೋತಿಯಾದ ಸಿಂಗಳೀಕಕ್ಕೆ ಆ ಲೆಕ್ಕದಿಂದ ಪ್ರಯೋಜನವಿಲ್ಲ: ಅದು ನೆಲಕ್ಕಿಳಿಯುವುದು ಕಡಿಮೆ, ಕೊಂಬೆ ಕೂಡಿದ ಮರಗಳ ಮೇಲೆಯೇ ಅಲೆದು ಕಾಡುಹಣ್ಣು, ಹುಳು ತಿನ್ನುತ್ತದೆ. ಉತ್ತರ ಕನ್ನಡದಲ್ಲಿ 2011ರಲ್ಲಿ ಘೋಷಣೆಯಾದ ಅಘನಾಶಿನಿ ಸಿಂಗಳೀಕ ಸಂರಕ್ಷಿತ ಪ್ರದೇಶ ಉಳಿದ ಕಾಡಿಗೆ ಕಾವಲು ಒದಗಿಸಿತು. ತುಂಡಾದ ಕಾಡುಗಳನ್ನು ಮತ್ತೆ ಕೂಡಿಸಲು ಅಕೇಶಿಯಾ ಸಾಲದು, ಧೂಪ, ರಾಮಪತ್ರೆ, ಉಪ್ಪಾಗೆಗಳೇ ಬೇಕು.